ಇಬ್ಬರು ಹೊರಬಲ್ಲಷ್ಟೇ ಮರ: ಅರ್ಕಾನ್ಸಾ ಬಿಡದ ಆರ್ಕಿಟೆಕ್ಟ್ ಫೇ ಜೋನ್ಸ್

ಪ್ರಶ್ನೆ: ನಾನು ಬಿ.ಆರ್ಕ್ ಎರಡನೇ ವರ್ಷದ ವಿದ್ಯಾರ್ಥಿನಿ. ಕಾಡಿನ ನಡುವೆ ನಿಂತಿರುವ, ಬರೀ ಮರ ಮತ್ತು ಗಾಜಿನ ಒಂದು ಚಾಪೆಲ್ (ಪುಟ್ಟ ಪ್ರಾರ್ಥನಾ ಮಂದಿರ) ಫೋಟೋ ನೋಡಿದೆ. ಮಾಡಿದವರು ಅಮೆರಿಕದ ಫೇ ಜೋನ್ಸ್ ಅಂತ ಗೊತ್ತಾಯಿತು. ನಮ್ಮ ಪಾಠದಲ್ಲಿ ಅವರ ಹೆಸರೇ ಬಂದಿಲ್ಲ. ಕೇಳಿದರೆ "ಫ್ರಾಂಕ್ ಲಾಯ್ಡ್ ರೈಟ್ ಶಿಷ್ಯ, ಪ್ರಾದೇಶಿಕ ಆರ್ಕಿಟೆಕ್ಟ್" ಎಂದಷ್ಟೇ ಹೇಳುತ್ತಾರೆ. ಅವರು ಯಾರು? ಗುರುವಿನ ಶೈಲಿಯನ್ನೇ ಮುಂದುವರಿಸಿದವರಾ, ಅಥವಾ ಅವರದ್ದೇ ಆದದ್ದು ಏನಾದರೂ ಇದೆಯಾ? ಸಣ್ಣ ಊರಲ್ಲೇ ಉಳಿದು ಇಂಥ ಕೆಲಸ ಮಾಡಲು ಹೇಗೆ ಸಾಧ್ಯವಾಯಿತು?

ಉತ್ತರ: ನೀವು ನೋಡಿದ್ದು ಥಾರ್ನ್‌ಕ್ರೌನ್ ಚಾಪೆಲ್. ಅರ್ಕಾನ್ಸಾ ರಾಜ್ಯದ ಯುರೇಕಾ ಸ್ಪ್ರಿಂಗ್ಸ್ ಎಂಬ ಪುಟ್ಟ ಊರಿನ ಹೊರಗೆ, ಓಝಾರ್ಕ್ ಬೆಟ್ಟಗಳ ಕಾಡಿನಲ್ಲಿದೆ. 1980ರ ಜುಲೈನಲ್ಲಿ ಬಾಗಿಲು ತೆರೆಯಿತು. ಅಗಲ 24 ಅಡಿ, ಉದ್ದ 60 ಅಡಿ, ಎತ್ತರ 48 ಅಡಿ. ಅಂದರೆ ನೆಲದ ಅಳತೆಯಲ್ಲಿ ಒಂದು ಸಾಧಾರಣ ಸೈಟಿನಷ್ಟು, ಅಷ್ಟೇ. ಇಷ್ಟು ಚಿಕ್ಕ ಕಟ್ಟಡವನ್ನು ಅಮೆರಿಕನ್ ಇನ್‌ಸ್ಟಿಟ್ಯೂಟ್ ಆಫ್ ಆರ್ಕಿಟೆಕ್ಟ್ಸ್ ಸದಸ್ಯರು 1991ರ ಸಮೀಕ್ಷೆಯೊಂದರಲ್ಲಿ 1980ರ ದಶಕದ ಅತ್ಯುತ್ತಮ ಕಟ್ಟಡ ಎಂದು ಆರಿಸಿದರು. ಆ ದಶಕದಲ್ಲಿ ಅಮೆರಿಕದ ತುಂಬ ಗಗನಚುಂಬಿಗಳು, ಮ್ಯೂಸಿಯಂಗಳು ಎದ್ದವು. ಅವೆಲ್ಲವನ್ನೂ ಬಿಟ್ಟು ಈ ಮರದ ಚಾಪೆಲ್‌ಗೆ ಮತ ಬಿತ್ತು.

ನಿಮ್ಮ ಎರಡನೇ ಪ್ರಶ್ನೆಗೆ ಮೊದಲೇ ಉತ್ತರ ಹೇಳಿಬಿಡುತ್ತೇನೆ. ಹೌದು, ಅವರು ಅಮೆರಿಕದ ಹೆಸರಾಂತ ಆರ್ಕಿಟೆಕ್ಟ್ ಫ್ರಾಂಕ್ ಲಾಯ್ಡ್ ರೈಟ್ ಅವರ ಶಿಷ್ಯ. ಅದನ್ನು ಅವರು ಕೊನೆಯವರೆಗೂ ಹೆಮ್ಮೆಯಿಂದ ಹೇಳಿಕೊಂಡರು. ಆದರೆ ಅವರ ಅತ್ಯುತ್ತಮ ಕೆಲಸದಲ್ಲಿ ರೈಟ್ ಅವರ ಆಕಾರಗಳನ್ನು ಹುಡುಕಿದರೆ ಸಿಗುವುದು ಕಷ್ಟ. ಗುರುವಿನಿಂದ ಅವರು ಕಲಿತದ್ದು ಒಂದು ಯೋಚನಾಕ್ರಮ. ಅದಕ್ಕೆ ಬೇಕಾದ ಸಾಮಗ್ರಿಯನ್ನು, ಬಡಗಿಗಳನ್ನು, ಕಷ್ಟಗಳನ್ನು ಎಲ್ಲ ಕೊಟ್ಟದ್ದು ಅರ್ಕಾನ್ಸಾ. ಅವರು ಬೇರೆ ಕಡೆ ಹೋಗಿದ್ದರೆ ಥಾರ್ನ್‌ಕ್ರೌನ್ ಆಗುತ್ತಿರಲಿಲ್ಲ ಎಂದು ನಾನು ಗಟ್ಟಿಯಾಗಿ ನಂಬುತ್ತೇನೆ. ಯಾಕೆ ಅಂತ ಹೇಳುತ್ತೇನೆ.

ಪೂರ್ತಿ ಹೆಸರು ಯೂಯಿನ್ ಫೇ ಜೋನ್ಸ್. ಹುಟ್ಟಿದ್ದು 1921ರಲ್ಲಿ, ಅರ್ಕಾನ್ಸಾದ ಪೈನ್ ಬ್ಲಫ್‌ನಲ್ಲಿ. ಬೆಳೆದದ್ದು ಅದೇ ರಾಜ್ಯದ ಎಲ್ ಡೊರಾಡೋ ಎಂಬ ಊರಿನಲ್ಲಿ. ಅಪ್ಪ ಅಮ್ಮ ಊಟದ ಹೋಟೆಲ್ ನಡೆಸುತ್ತಿದ್ದರು. ಹುಡುಗನಿಗೆ ಮರದ ಮೇಲೆ ಮನೆ ಕಟ್ಟುವ ಹುಚ್ಚು. ಸುಮ್ನೆ ಎರಡು ಹಲಗೆ ಹೊಡೆದು ಕೂರುವ ಅಟ್ಟ ಅಲ್ಲ, ಸಾಕಷ್ಟು ಯೋಚಿಸಿ ಕಟ್ಟಿದ ಮನೆ. ಆದರೆ ಆರ್ಕಿಟೆಕ್ಟ್ ಎಂಬ ಉದ್ಯೋಗ ಇದೆ ಅನ್ನುವುದು ತಲೆಗೆ ಹೊಕ್ಕಿದ್ದು ಹೈಸ್ಕೂಲ್ ದಿನಗಳಲ್ಲಿ, ಸಿನಿಮಾ ಟಾಕೀಸಿನಲ್ಲಿ. 1938ರಲ್ಲಿ ಅಲ್ಲಿ ಒಂದು ಕಿರುಚಿತ್ರ ತೋರಿಸಿದರು. ವಿಸ್ಕಾನ್ಸಿನ್ ರಾಜ್ಯದ ರಸೀನ್‌ನಲ್ಲಿ ಫ್ರಾಂಕ್ ಲಾಯ್ಡ್ ರೈಟ್ ಕಟ್ಟಿಸುತ್ತಿದ್ದ ಜಾನ್ಸನ್ ವ್ಯಾಕ್ಸ್ ಕಚೇರಿಯ ಬಗ್ಗೆ ಇತ್ತು ಅದು. ಬುಡದಲ್ಲಿ ಸಣ್ಣಗಿದ್ದು ಮೇಲೆ ತಟ್ಟೆಯಂತೆ ಅಗಲವಾಗುವ ಕಾಂಕ್ರೀಟ್ ಕಂಬಗಳು, ಗಾಜಿನ ಕೊಳವೆಗಳಿಂದ ಇಳಿಯುವ ಬೆಳಕು. ಹುಡುಗ ಟಾಕೀಸಿನಿಂದ ಹೊರಬಂದಾಗ ಮುಂದೇನು ಮಾಡಬೇಕು ಎಂದು ತೀರ್ಮಾನ ಮಾಡಿಯಾಗಿತ್ತು.

ತೊಂದರೆ ಏನೆಂದರೆ, ಅರ್ಕಾನ್ಸಾ ವಿಶ್ವವಿದ್ಯಾಲಯದಲ್ಲಿ ಆಗ ಆರ್ಕಿಟೆಕ್ಚರ್ ವಿಭಾಗವೇ ಇರಲಿಲ್ಲ. ಹತ್ತಿರದ್ದು ಅಂತ ಸಿವಿಲ್ ಎಂಜಿನಿಯರಿಂಗ್ ಸೇರಿದರು. ಅಷ್ಟರಲ್ಲಿ ಎರಡನೇ ಮಹಾಯುದ್ಧ ಬಂತು. ನೌಕಾಪಡೆ ಸೇರಿ ವಿಮಾನ ಚಾಲಕರಾದರು. 1943ರಲ್ಲಿ ಮೇರಿ ಎಲಿಜಬೆತ್ ನಾಕ್ಸ್ ಅವರನ್ನು ಮದುವೆಯಾದರು. ಎಲ್ಲರೂ ಆಕೆಯನ್ನು ಕರೆಯುತ್ತಿದ್ದದ್ದು ಗಸ್ ಅಂತ. ಯುದ್ಧ ಮುಗಿದ ಮೇಲೆ ಆ ವಿಶ್ವವಿದ್ಯಾಲಯ ಇರುವ ಫೆಯೆಟ್‌ವಿಲ್‌ಗೆ ವಾಪಸ್ ಬಂದರೆ, ಜಾನ್ ವಿಲಿಯಮ್ಸ್ ಎಂಬ ಅಧ್ಯಾಪಕರು ಆಗಷ್ಟೇ ಆರ್ಕಿಟೆಕ್ಚರ್ ಕೋರ್ಸ್ ಶುರು ಮಾಡಿದ್ದರು. 1950ರಲ್ಲಿ ಅಲ್ಲಿಂದ ಹೊರಬಂದ ಮೊದಲ ಬ್ಯಾಚಿನಲ್ಲಿ ಇದ್ದದ್ದೇ ಐದು ಜನ. ಅವರಲ್ಲಿ ಜೋನ್ಸ್ ಒಬ್ಬರು.

ರೈಟ್ ಅವರನ್ನು ಕಣ್ಣಾರೆ ಕಂಡದ್ದು ಓದು ಮುಗಿಯುವ ಮೊದಲೇ. 1949ರಲ್ಲಿ ಹ್ಯೂಸ್ಟನ್‌ನ ಶ್ಯಾಮ್‌ರಾಕ್ ಹೋಟೆಲಿನಲ್ಲಿ ಆರ್ಕಿಟೆಕ್ಟರ ರಾಷ್ಟ್ರೀಯ ಸಮ್ಮೇಳನ. 80 ದಾಟಿದ್ದ ರೈಟ್ ಅವರಿಗೆ ಅಂದು ಚಿನ್ನದ ಪದಕ ಕೊಡುವುದಿತ್ತು. ಜೋನ್ಸ್ ಗೆಳೆಯರ ಜೊತೆ ಅಲ್ಲಿಗೆ ಹೋಗಿದ್ದರು. ಹೋಟೆಲಿನ ಕಾರಿಡಾರಿನಲ್ಲಿ ಆ ಮಹಾನುಭಾವ ಎದುರಿಗೇ ಬಂದು, ತಾವೇ ಕೈ ನೀಡಿ ಪರಿಚಯ ಹೇಳಿಕೊಂಡರು. ಆ ಭೇಟಿ ಅಲ್ಲಿಗೇ ಮುಗಿಯಬಹುದಿತ್ತು. ಮುಗಿಯಲಿಲ್ಲ. ಹ್ಯೂಸ್ಟನ್‌ನ ರೈಸ್ ವಿದ್ಯಾಸಂಸ್ಥೆಯಲ್ಲಿ ಸ್ನಾತಕೋತ್ತರ ಪದವಿ ಮುಗಿಸಿ ಜೋನ್ಸ್ ಓಕ್ಲಹೋಮಾ ವಿಶ್ವವಿದ್ಯಾಲಯದಲ್ಲಿ ಪಾಠ ಮಾಡತೊಡಗಿದರು. ಅಲ್ಲಿ ಬ್ರೂಸ್ ಗಾಫ್ ಜೊತೆ ಒಡನಾಟ ಬೆಳೆಯಿತು. ಗಾಫ್ ಅಂದರೆ ಕಲ್ಲಿದ್ದಲು, ಗಾಜಿನ ತುಂಡು, ಹಗ್ಗ, ಏನು ಸಿಕ್ಕರೂ ಕಟ್ಟಡಕ್ಕೆ ಹಾಕಬಲ್ಲ ಸಾಹಸಿ. ಅಲ್ಲಿದ್ದಾಗಲೇ ರೈಟ್ ಮತ್ತೆ ಭೇಟಿಯಾಗಿ ಕರೆದರು. 1953ರಲ್ಲಿ ಮೊದಲು ಅರಿಝೋನಾದ ಟ್ಯಾಲಿಯೆಸಿನ್ ವೆಸ್ಟ್‌ಗೆ, ಆ ಬೇಸಿಗೆಯಲ್ಲಿ ವಿಸ್ಕಾನ್ಸಿನ್‌ನ ಟ್ಯಾಲಿಯೆಸಿನ್‌ಗೆ ಸಂಸಾರ ಸಮೇತ ಹೋದರು. ಇವೆರಡೂ ರೈಟ್ ಅವರ ಮನೆ ಮತ್ತು ಸ್ಟುಡಿಯೋ, ಶಿಷ್ಯರು ಅಲ್ಲೇ ಇದ್ದು ಕಲಿಯುತ್ತಿದ್ದರು.

ಇಲ್ಲಿ ಒಂದು ವಿಷಯ ಗಮನಿಸಿ. ಬಹಳ ಜನ ಶಿಷ್ಯರು ಟ್ಯಾಲಿಯೆಸಿನ್‌ನಲ್ಲಿ ವರ್ಷಗಟ್ಟಲೆ ಇದ್ದರು. ಕೆಲವರು ಜೀವಮಾನವಿಡೀ ಅಲ್ಲೇ ಕಳೆದರು. ಅವರ ಕೈಯಿಂದ ಬಂದ ಕಟ್ಟಡಗಳಲ್ಲಿ ಗುರುವಿನ ಕೈಬರಹವೇ ಜಾಸ್ತಿ. ಜೋನ್ಸ್ ಒಂದು ಬೇಸಿಗೆ ಇದ್ದು ಊರಿಗೆ ಹಿಂತಿರುಗಿದರು. ಆಗ ಅವರ ವಯಸ್ಸು 32. ಹೆಂಡತಿ ಮಕ್ಕಳು, ಯುದ್ಧದ ಅನುಭವ, ಎಂಜಿನಿಯರಿಂಗ್ ಓದು ಎಲ್ಲ ಬೆನ್ನಿಗಿತ್ತು. ತಿದ್ದಿಸಿಕೊಳ್ಳುವಷ್ಟು ವಿನಯ ಇತ್ತು, ಕಳೆದುಹೋಗದಷ್ಟು ಗಟ್ಟಿತನವೂ ಇತ್ತು. ಮುಂದೆ ರೈಟ್ ಶಿಷ್ಯರಲ್ಲಿ ಅಮೆರಿಕದ ಆರ್ಕಿಟೆಕ್ಟರ ಚಿನ್ನದ ಪದಕ ಬಂದದ್ದು ಇವರಿಗೆ ಮಾತ್ರ, 1990ರಲ್ಲಿ. ಆ ಒಂದು ಬೇಸಿಗೆಗೂ ಈ ಪದಕಕ್ಕೂ ಸಂಬಂಧ ಇದೆ ಎಂದೇ ನನ್ನ ಲೆಕ್ಕ.

1953ರಿಂದ 1988ರವರೆಗೆ ಫೆಯೆಟ್‌ವಿಲ್‌ನಲ್ಲಿ ಅಧ್ಯಾಪಕ. ಹಗಲು ಸ್ಟುಡಿಯೋದಲ್ಲಿ ಹುಡುಗರಿಗೆ ಪಾಠ, ಉಳಿದ ಹೊತ್ತಿನಲ್ಲಿ ಸ್ವಂತ ಕೆಲಸ. 1974ರಲ್ಲಿ ಅಲ್ಲಿನ ಆರ್ಕಿಟೆಕ್ಚರ್ ಶಾಲೆಗೆ ಮೊದಲ ಡೀನ್ ಆದರು. ಎರಡು ವರ್ಷ ಮಾಡಿ ಬಿಟ್ಟರು. ಕಚೇರಿ ಯಾವತ್ತೂ ದೊಡ್ಡದಾಗಲಿಲ್ಲ. ಕೆಲವೇ ಜನ ಸಹಾಯಕರು. ಸಂಬಳ ಕಾಲೇಜಿನಿಂದ ಬರುತ್ತಿದ್ದದ್ದರಿಂದ ಬಂದ ಕೆಲಸವನ್ನೆಲ್ಲ ಒಪ್ಪಿಕೊಳ್ಳುವ ದರ್ದು ಇರಲಿಲ್ಲ. ಬಾಗಿಲ ಹಿಡಿಕೆಯಿಂದ ಹಿಡಿದು ದೀಪದ ಗೂಡಿನವರೆಗೆ ತಾವೇ ಚಿತ್ರ ಬರೆಯುವಷ್ಟು ಸಮಯ ಸಿಕ್ಕಿದ್ದು ಹೀಗೆ.

ಅದೇ ಊರಿನ ಇನ್ನೊಬ್ಬರ ಕಥೆ ಇದರ ಪಕ್ಕದಲ್ಲಿ ಇಟ್ಟು ನೋಡಿ. ಎಡ್ವರ್ಡ್ ಡ್ಯುರೆಲ್ ಸ್ಟೋನ್ ಹುಟ್ಟಿದ್ದು ಫೆಯೆಟ್‌ವಿಲ್‌ನಲ್ಲೇ, 1902ರಲ್ಲಿ. ಅವರು ಊರು ಬಿಟ್ಟು ನ್ಯೂಯಾರ್ಕ್ ಸೇರಿದರು. ಅಲ್ಲಿನ ಮ್ಯೂಸಿಯಂ ಆಫ್ ಮಾಡರ್ನ್ ಆರ್ಟ್ ಕಟ್ಟಡ, ವಾಷಿಂಗ್ಟನ್‌ನ ಕೆನಡಿ ಸೆಂಟರ್, ನಮ್ಮ ದೆಹಲಿಯ ಅಮೆರಿಕನ್ ರಾಯಭಾರ ಕಚೇರಿ ಎಲ್ಲದರಲ್ಲೂ ಅವರ ಕೈ ಇದೆ. ದೆಹಲಿಯದ್ದನ್ನು ನೀವು ಫೋಟೋದಲ್ಲಾದರೂ ನೋಡಿರುತ್ತೀರಿ, ಸುತ್ತ ತೂತು ತೂತಿನ ಜಾಲಿ (ಜಾಲರಿ) ಗೋಡೆ, ನಡುವೆ ನೀರಿನ ಅಂಗಳ. ಒಳ್ಳೆಯ ಕೆಲಸ ಅದು. ಆದರೆ ದೆಹಲಿ ಆದ ಮೇಲೆ ಅದೇ ಜಾಲಿ ಪರದೆಯನ್ನು ಸ್ಟೋನ್ ಎಲ್ಲೆಲ್ಲೋ ಹಾಕಿದರು, ಬಿಸಿಲು ಇರಲಿ ಬಿಡಲಿ. ಸೈಟಿನ ಮಣ್ಣು ತುಳಿಯಲು ಪುರುಸೊತ್ತಿಲ್ಲದಷ್ಟು ಕೆಲಸ ಬಂದಾಗ ಹಾಗಾಗುತ್ತದೆ. ಜೋನ್ಸ್‌ಗೆ ಆ ಕಷ್ಟ ಬರಲಿಲ್ಲ. ಅವರ ಹೆಚ್ಚಿನ ಸೈಟುಗಳು ತಮ್ಮದೇ ರಾಜ್ಯದಲ್ಲಿದ್ದವು. ಅಲ್ಲಿನ ಕಲ್ಲು ಹೇಗೆ ಒಡೆಯುತ್ತದೆ, ಯಾವ ಬಡಗಿಗೆ ಏನು ಮಾಡಲು ಬರುತ್ತದೆ ಎಂಬುದು ಅವರಿಗೆ ಬಾಯಿಪಾಠ.

ಮೊದಲ ಪ್ರಯೋಗ ಸ್ವಂತ ಮನೆ. 1956ರ ಹೊತ್ತಿಗೆ ಫೆಯೆಟ್‌ವಿಲ್‌ನ ಒಂದು ಇಳಿಜಾರಿನಲ್ಲಿ ಕಟ್ಟಿದರು. ಕೆಳಗಿನ ಅಂತಸ್ತು ಕಲ್ಲಿನದ್ದು, ಒಳಗೆ ಹೋದರೆ ಗುಹೆಯ ಅನುಭವ. ಮೇಲಿನ ಅಂತಸ್ತು ಮರ ಮತ್ತು ಗಾಜಿನದ್ದು, ರೆಂಬೆಗಳ ಮಟ್ಟದಲ್ಲಿ ಕೂತಂತೆ. ಚಿಕ್ಕಂದಿನ ಮರದ ಮನೆ ಇಲ್ಲಿ ದೊಡ್ಡದಾಗಿ ಬಂದಿದೆ ಅಂತ ನಾನು ಹೇಳುವುದೇ ಬೇಡ, ಚಿತ್ರ ನೋಡಿದರೆ ಸಾಕು. 1958ರಲ್ಲಿ ರೈಟ್ ಫೆಯೆಟ್‌ವಿಲ್‌ಗೆ ಬಂದು ವಿಶ್ವವಿದ್ಯಾಲಯದಲ್ಲಿ ಭಾಷಣ ಮಾಡಿದರು. ಅದರ ಮರುವರ್ಷ ತೀರಿಕೊಂಡರು.

ನಂತರದ ಎರಡು ದಶಕ ಹೆಚ್ಚಾಗಿ ಮನೆಗಳು. ಪ್ರಾಮಾಣಿಕವಾಗಿ ಹೇಳಬೇಕೆಂದರೆ ಮೊದಮೊದಲಿನ ಮನೆಗಳಲ್ಲಿ ಗುರುವಿನ ನೆರಳು ದಟ್ಟವಾಗಿದೆ. ಅಡ್ಡಡ್ಡ ಚಾಚಿದ ಚಾವಣಿ, ನಡುವೆ ಭಾರಿ ಕಲ್ಲಿನ ಒಲೆಗೂಡು, ತಗ್ಗಾದ ಬಾಗಿಲಿನಿಂದ ಒಳಗೆ ಹೋಗಿ ಎತ್ತರದ ಕೋಣೆಗೆ ತೆರೆದುಕೊಳ್ಳುವುದು. ಚೆನ್ನಾಗಿವೆ, ಆದರೆ ರೈಟ್ ಗೊತ್ತಿದ್ದವರಿಗೆ ಹೊಸದು ಅನ್ನಿಸುವುದು ಕಡಿಮೆ. ಬೆಂಟನ್‌ವಿಲ್‌ನಲ್ಲಿ ಸ್ಯಾಮ್ ವಾಲ್ಟನ್ ಕುಟುಂಬಕ್ಕೆ ಮಾಡಿದ ಮನೆಯೂ ಈ ಕಾಲದ್ದೇ. ವಾಲ್ಟನ್ ಆಗ ಸಣ್ಣ ಊರುಗಳಲ್ಲಿ ಅಂಗಡಿ ನಡೆಸುತ್ತಿದ್ದ ವ್ಯಾಪಾರಿ, ಮುಂದೆ ಅವರು ಕಟ್ಟಿದ ವಾಲ್‌ಮಾರ್ಟ್ ಇನ್ನೂ ಹುಟ್ಟಿರಲಿಲ್ಲ. ಒಂದು ತೊರೆಗೆ ಕಟ್ಟೆ ಕಟ್ಟಿ ಅದರ ಮೇಲೆ ಮನೆ ಹಾಯಿಸಿದರು. 1970ರ ದಶಕದ ಆರಂಭದಲ್ಲಿ ಸಿಡಿಲು ಬಡಿದು ಸುಟ್ಟಾಗ ವಾಲ್ಟನ್ ಮತ್ತೆ ಜೋನ್ಸ್ ಅವರಿಂದಲೇ ಕಟ್ಟಿಸಿಕೊಂಡರು.

ಆದರೆ ನೀವು ಮನೆಗಳಲ್ಲಿ ಒಂದನ್ನೇ ನೋಡುವುದಾದರೆ ಸ್ಟೋನ್‌ಫ್ಲವರ್ ನೋಡಿ. ಹೀಬರ್ ಸ್ಪ್ರಿಂಗ್ಸ್‌ನಲ್ಲಿ, 1965ರಲ್ಲಿ, ಇಬ್ಬರು ಲ್ಯಾಂಡ್‌ಸ್ಕೇಪ್ ಆರ್ಕಿಟೆಕ್ಟರಿಗಾಗಿ ಮಾಡಿದ ಪುಟ್ಟ ಮನೆ. ದುಡ್ಡು ಜಾಸ್ತಿ ಇರಲಿಲ್ಲ. ಕೆಳಗೆ ಒರಟು ಬಂಡೆಗಳ ಗವಿ, ಸ್ನಾನಕ್ಕೆ ಕಲ್ಲಿನ ಮೇಲಿಂದ ನೀರು ಬೀಳುತ್ತದೆ. ಮೇಲೆ ಕಿರಿದಾದ, ಎತ್ತರದ, ಸಣ್ಣ ಸಣ್ಣ ಮರದ ಪಟ್ಟಿಗಳ ಕೋಣೆ. ಇಲ್ಲಿ ಗುರು ಇಲ್ಲ. ಅಡ್ಡಕ್ಕೆ ಚಾಚುತ್ತಿದ್ದ ಕೈ ಇಲ್ಲಿ ಮೊದಲ ಬಾರಿಗೆ ನೇರ ಮೇಲಕ್ಕೆ ಹೋಗಿದೆ. ಅಗ್ಗದ ಪಟ್ಟಿಮರವನ್ನೇ ಸಾಲಾಗಿ ಜೋಡಿಸಿದರೆ ಎಂಥ ಲಯ ಬರುತ್ತದೆ ಎಂದು ಜೋನ್ಸ್ ಕಂಡುಕೊಂಡದ್ದು ಇಲ್ಲಿ. ಹದಿನೈದು ವರ್ಷದ ನಂತರ ಬಂದ ಥಾರ್ನ್‌ಕ್ರೌನ್‌ನ ಬೀಜ ಇದು.

ಈಗ ಥಾರ್ನ್‌ಕ್ರೌನ್‌ಗೆ ಬರೋಣ. ಜಿಮ್ ರೀಡ್ ಎಂಬ ನಿವೃತ್ತ ಶಾಲಾ ಮೇಷ್ಟ್ರು 1971ರಲ್ಲಿ ಯುರೇಕಾ ಸ್ಪ್ರಿಂಗ್ಸ್ ಹತ್ತಿರ ಜಮೀನು ಕೊಂಡರು. ಇವರೂ ಪೈನ್ ಬ್ಲಫ್‌ನವರೇ. ಅಲ್ಲಿಂದ ಬೆಟ್ಟಗಳ ನೋಟ ಬಹಳ ಚೆನ್ನ. ದಾರಿಯಲ್ಲಿ ಹೋಗುವವರು ಗಾಡಿ ನಿಲ್ಲಿಸಿ, ಕೇಳದೆಯೇ ಇವರ ಜಾಗಕ್ಕೆ ಬಂದು ನಿಂತು ನೋಡುತ್ತಿದ್ದರು. ಬೇರೆಯವರಾಗಿದ್ದರೆ ಬೇಲಿ ಹಾಕುತ್ತಿದ್ದರು. ರೀಡ್ ಅವರಿಗೆ, ಬಂದವರು ಕೂತು ಧ್ಯಾನಿಸಲು ಒಂದು ಚಾಪೆಲ್ ಕಟ್ಟಿಸೋಣ ಅನ್ನಿಸಿತು. ಯಾವ ಒಂದು ಪಂಗಡಕ್ಕೂ ಸೇರದ, ಎಲ್ಲರಿಗೂ ತೆರೆದ ಜಾಗ. ಅರ್ಧ ಕೆಲಸವಾದಾಗ ದುಡ್ಡು ಮುಗಿಯಿತು. ಇಲಿನಾಯ್‌ನ ಒಬ್ಬ ಮಹಿಳೆ ಸಾಲ ಕೊಟ್ಟು ಅದು ಮುಗಿಯುವಂತೆ ನೋಡಿಕೊಂಡರು.

ಸೈಟು ಇಳಿಜಾರು, ಕಾಡು ದಟ್ಟ. ಕ್ರೇನ್, ಲಾರಿ ತರಬೇಕೆಂದರೆ ದಾರಿ ಮಾಡಬೇಕು, ದಾರಿ ಮಾಡಬೇಕೆಂದರೆ ಮರ ಕಡಿಯಬೇಕು. ಮರಗಳ ನಡುವೆ ಕೂರಲಿ ಅಂತ ಕಟ್ಟುವ ಚಾಪೆಲ್‌ಗೆ ಮರ ಕಡಿದರೆ ಏನು ಅರ್ಥ? ಹಾಗಾಗಿ ಜೋನ್ಸ್ ಒಂದು ನಿಯಮ ಹಾಕಿಕೊಂಡರು. ಇಬ್ಬರು ಆಳು ಹೊತ್ತು ಕಾಡಿನೊಳಗೆ ನಡೆದುಕೊಂಡು ಹೋಗಬಲ್ಲದ್ದಕ್ಕಿಂತ ದೊಡ್ಡ ತುಂಡು ಈ ಕಟ್ಟಡದಲ್ಲಿ ಇರಬಾರದು.

ಈ ಒಂದು ಮಾತಿನಿಂದ ಇಡೀ ಕಟ್ಟಡ ಹುಟ್ಟಿದೆ. ದಪ್ಪ ತೊಲೆ ತರಲಾಗದು, ಅಂದ ಮೇಲೆ ಉಳಿದದ್ದು ಅಮೆರಿಕದ ಯಾವ ಸಾಮಿಲ್ಲಿನಲ್ಲೂ ಸಿಗುವ ಟೂ ಬೈ ಫೋರ್, ಟೂ ಬೈ ಸಿಕ್ಸ್, ಟೂ ಬೈ ಟ್ವೆಲ್ವ್. ಅಂದರೆ 2 ಇಂಚು ದಪ್ಪ, 4, 6 ಅಥವಾ 12 ಇಂಚು ಅಗಲ. ರಂದ ಹೊಡೆದ ಮೇಲೆ 2 ಇಂಚು ಅಂದದ್ದು ಒಂದೂವರೆ ಇಂಚೇ ಉಳಿಯುತ್ತದೆ, ಡ್ರಾಯಿಂಗ್ ಮಾಡುವಾಗ ನೆನಪಿರಲಿ. ಮನೆಯ ಗೋಡೆಯೊಳಗೆ ಯಾರಿಗೂ ಕಾಣದಂತೆ ಮುಚ್ಚಿಡುವ ಸಾದಾ ಪೈನ್ ಮರ ಇದು. ಇದರಿಂದ 48 ಅಡಿ ಎತ್ತರಕ್ಕೆ ಏರಬೇಕು.

ಏರಿಸಬಹುದು, ಗಾಳಿ ಬಂದರೆ ನಿಲ್ಲಬೇಕಲ್ಲ! ಅಗಲದ ಎರಡರಷ್ಟು ಎತ್ತರ ಇರುವ ಕಟ್ಟಡ, ಗೋಡೆ ಎಂದರೆ ಬರೀ ಗಾಜು. 425 ಕಿಟಕಿ, ಸುಮಾರು 6,000 ಚದರಡಿ ಗಾಜು. ಗಟ್ಟಿ ಗೋಡೆಯ ಬೆಂಬಲ ಒಂದಿಷ್ಟೂ ಇಲ್ಲ. ಇಲ್ಲಿ ಜೋನ್ಸ್ ನೆನಪಿಗೆ ಬಂದದ್ದು ಪ್ಯಾರಿಸ್‌ನ ಸ್ಯಾಂತ್ ಶಪೆಲ್. 1248ರಲ್ಲಿ ಮುಗಿದ, ಗೋಡೆಗಿಂತ ಬಣ್ಣದ ಗಾಜೇ ಹೆಚ್ಚಿರುವ, ಮಧ್ಯಯುಗದ ಯುರೋಪಿನ ಗೋಥಿಕ್ ಶೈಲಿಯ ಚಾಪೆಲ್. ಗೋಥಿಕ್ ಕಟ್ಟಡದಲ್ಲಿ ಮೇಲಿನ ಕಲ್ಲಿನ ಕಮಾನು ಗೋಡೆಗಳನ್ನು ಹೊರಕ್ಕೆ ತಳ್ಳುತ್ತದೆ. ಅದನ್ನು ತಡೆಯಲು ಹೊರಗಿನಿಂದ ಭಾರಿ ಕಲ್ಲಿನ ಊರೆಗಳನ್ನು ಕೊಡುತ್ತಾರೆ. ಜೋನ್ಸ್ ಇದನ್ನು ತಿರುಗಿಸಿ ಹಾಕಿದರು. ಇಲ್ಲಿ ಆಧಾರವೆಲ್ಲ ಒಳಗಿದೆ. ಎದುರು ಬದುರು ಕಂಬಗಳ ನಡುವೆ, ತಲೆಯ ಮೇಲೆ, ಕತ್ತರಿಯಾಕಾರದಲ್ಲಿ ಮರದ ಪಟ್ಟಿಗಳು ಒಂದನ್ನೊಂದು ದಾಟುತ್ತವೆ. ಅಲುಗಾಡುವ ಬೆಂಚಿನ ಕಾಲುಗಳ ನಡುವೆ ಓರೆಯಾಗಿ ಪಟ್ಟಿ ಹೊಡೆಯುತ್ತೇವಲ್ಲ, ಅದೇ ತತ್ವ. ಎರಡು ಬದಿಯನ್ನೂ ಇವು ಹಿಡಿದು ಎಳೆದಿಟ್ಟುಕೊಳ್ಳುತ್ತವೆ. ಆಧಾರ ಒಳಗೆ ಹೋದದ್ದರಿಂದ ಹೊರಗಿನ ಗಾಜಿಗೂ ಕಾಡಿಗೂ ನಡುವೆ ಏನೂ ಅಡ್ಡ ಇಲ್ಲ.

ಇದರಲ್ಲಿ ಒಂದು ಜಾಗವನ್ನು ಹತ್ತಿರದಿಂದ ನೋಡಿ. ಓರೆ ಪಟ್ಟಿಗಳು ನಡುವೆ ದಾಟುವ ಜಾಗ. ಸಾಮಾನ್ಯ ಬಡಗಿಯಾದರೆ ಒಂದರ ಮೇಲೊಂದು ಇಟ್ಟು ಬೋಲ್ಟ್ ಹಾಕುತ್ತಾನೆ, ಆ ಜಾಗ ಗಂಟಿನಂತೆ ದಪ್ಪವಾಗುತ್ತದೆ. ಜೋನ್ಸ್ ಪಟ್ಟಿಗಳನ್ನು ಒಂದಕ್ಕೊಂದು ಮುಟ್ಟಲು ಬಿಡಲಿಲ್ಲ. ನಡುವೆ ವಜ್ರದ ಆಕಾರದ, ಒಳಗೆ ಟೊಳ್ಳಾದ ಉಕ್ಕಿನ ಚೌಕಟ್ಟು ಕೂರಿಸಿದರು. ನಾಲ್ಕು ಕಡೆಯಿಂದ ಬಂದ ಮರ ಅದರ ನಾಲ್ಕು ಬದಿಗೆ ಸೇರುತ್ತದೆ. ನಡುವೆ ಖಾಲಿ. ಅಲ್ಲಿಂದ ಬೆಳಕು ಹಾಯುತ್ತದೆ. ಅತಿ ಹೆಚ್ಚು ಶಕ್ತಿ ಹರಿಯುವ ಜಾಗ, ಎಲ್ಲಕ್ಕಿಂತ ಭಾರ ಕಾಣಬೇಕಾದ ಜಾಗ, ಇಡೀ ಕಟ್ಟಡದಲ್ಲೇ ಹಗುರವಾಗಿ ಕಾಣುತ್ತದೆ. ಚಾಪೆಲ್‌ನ ಒಂದು ತುದಿಯಲ್ಲಿ ನಿಂತು ನೋಡಿದರೆ ಇಂಥ ವಜ್ರಗಳು ಸಾಲಾಗಿ ಒಂದರ ಹಿಂದೆ ಒಂದು ತೇಲುತ್ತವೆ. ಎಂಜಿನಿಯರಿಂಗ್ ಓದಿದ್ದು, ರೈಟ್ ಹತ್ತಿರ ಕಲಿತದ್ದು ಎರಡೂ ಈ ಒಂದು ಜೋಡಣೆಯಲ್ಲಿ ಕೂಡಿವೆ. ನನಗೆ ಇಡೀ ಥಾರ್ನ್‌ಕ್ರೌನ್‌ನಲ್ಲಿ ಅತಿ ಇಷ್ಟದ ಜಾಗ ಇದೇ.

ಮರಕ್ಕೆ ಬೂದು ಬಣ್ಣದ ಲೇಪವನ್ನು ಕೈಯಲ್ಲೇ ಉಜ್ಜಿ ಹಚ್ಚಿದರು, ಸುತ್ತಲಿನ ಮರಗಳ ತೊಗಟೆಯ ಬಣ್ಣಕ್ಕೆ ಹೊಂದಲಿ ಅಂತ. ನೆಲಕ್ಕೆ ಅಲ್ಲಿನದೇ ಚಪ್ಪಡಿ ಕಲ್ಲು, ಸುತ್ತ ತಗ್ಗಾದ ಕಲ್ಲಿನ ಕಟ್ಟೆ. ಚಾವಣಿ ಚೆನ್ನಾಗಿ ಮುಂದೆ ಚಾಚಿದೆ, ಮಳೆ ಗಾಜಿಗೆ ಹೊಡೆಯದ ಹಾಗೆ. ನಡು ನೆತ್ತಿಯ ಮೇಲೆ ಉದ್ದಕ್ಕೂ ಗಾಜು. ಕಂಬಗಳ ಮೇಲೆ ಮರದ ದೀಪಗಳು. ಕತ್ತಲಾದ ಮೇಲೆ ಅವುಗಳ ಪ್ರತಿಬಿಂಬ ಗಾಜಿನಲ್ಲಿ ಬಿದ್ದು, ಹೊರಗೆ ಕಾಡಿನಲ್ಲೇ ದೀಪಗಳು ತೂಗುತ್ತಿವೆ ಅನ್ನಿಸುತ್ತದೆ.

ರೈಟ್ ಅವರಿಂದ ಏನು ಬಂತು ಎಂಬುದನ್ನು ಈಗ ಹೇಳಬಹುದು. ಒಂದು ಕಟ್ಟಡಕ್ಕೆ ಮೂಲವಾದ ಒಂದು ಯೋಚನೆ ಇರಬೇಕು, ಅದು ದೊಡ್ಡದರಲ್ಲೂ ಚಿಕ್ಕದರಲ್ಲೂ ಒಂದೇ ಆಗಿ ಕಾಣಬೇಕು. ಭಾಗಕ್ಕೂ ಇಡಿಗೂ ಸಂಬಂಧ ಇರಬೇಕು. ಸೈಟಿನಿಂದ ಕಟ್ಟಡ ಹುಟ್ಟಬೇಕು. ಇದು ರೈಟ್ ಪಾಠ, ಜೋನ್ಸ್ ಇದನ್ನು ಅಕ್ಷರಶಃ ಪಾಲಿಸಿದರು. ಥಾರ್ನ್‌ಕ್ರೌನ್‌ನಲ್ಲಿ ತಲೆಯ ಮೇಲೆ ದಾಟುವ ಓರೆ ಪಟ್ಟಿಯ ಜ್ಯಾಮಿತಿಯೇ ಸಣ್ಣದಾಗಿ ದೀಪದ ಗೂಡಿನಲ್ಲಿ, ಬಾಗಿಲಲ್ಲಿ ಮತ್ತೆ ಬರುತ್ತದೆ. ಆದರೆ ಕಟ್ಟಡದ ಆಕಾರ? ನೆಲಕ್ಕೆ ಅಂಟಿಕೊಂಡು ಅಡ್ಡ ಹರಡುವ ರೈಟ್‌ಗೂ, ಕಾಡಿನಂತೆ ಮೇಲಕ್ಕೇ ಏರುವ ಇದಕ್ಕೂ ಎಲ್ಲಿಯ ಹೋಲಿಕೆ?

ಇದಕ್ಕಿಂತ ಮೊದಲು ಇಂಥದ್ದು ಇರಲಿಲ್ಲವಾ ಅಂತ ನೀವು ಕೇಳಬಹುದು, ಕೇಳಲೇಬೇಕು. ಇತ್ತು. ರೈಟ್ ಅವರ ಮಗ ಲಾಯ್ಡ್ ರೈಟ್ 1951ರಲ್ಲಿ ಕ್ಯಾಲಿಫೋರ್ನಿಯಾದ ಕಡಲ ದಂಡೆಯ ಮೇಲೆ ವೇಫೇರರ್ಸ್ ಚಾಪೆಲ್ ಕಟ್ಟಿಸಿದ್ದರು. ಅದೂ ಗಾಜಿನದ್ದು, ಅದರ ಸುತ್ತಲೂ ಮರಗಳು. ಭೂಕುಸಿತದಿಂದಾಗಿ 2024ರಲ್ಲಿ ಅದನ್ನು ಬಿಚ್ಚಿ ಇಡಬೇಕಾಯಿತು. ಮರಗಳ ನಡುವೆ ಗಾಜಿನ ಚಾಪೆಲ್ ಅನ್ನುವ ಕಲ್ಪನೆ ಜೋನ್ಸ್ ಒಬ್ಬರದ್ದೇ ಅಂತ ಹೇಳಲಾಗದು. ಸಾಮಿಲ್ಲಿನ ಸಾದಾ ಪಟ್ಟಿಯಿಂದ, ಒಳಗಿನ ಕತ್ತರಿ ಕಟ್ಟಿನಿಂದ ಅದನ್ನು ನಿಲ್ಲಿಸಿದ ರೀತಿ ಮಾತ್ರ ಅವರದ್ದೇ.

ಥಾರ್ನ್‌ಕ್ರೌನ್ ನಂತರ ಎಲ್ಲ ಕಡೆಯಿಂದ ಕರೆ ಬಂತು, ಹೆಚ್ಚಾಗಿ ಚಾಪೆಲ್‌ಗಳಿಗೇ. ಜೊತೆಗಾರ ಮಾರಿಸ್ ಜೆನ್ನಿಂಗ್ಸ್ ಜೊತೆ ಸೇರಿ ಬೆಲ್ಲಾ ವಿಸ್ಟಾದಲ್ಲಿ ಮಿಲ್ಡ್ರೆಡ್ ಕೂಪರ್ ಚಾಪೆಲ್ ಮಾಡಿದರು, 1988ರಲ್ಲಿ. ಇಲ್ಲಿ ಮರದ ಬದಲು ಬಾಗಿದ ಉಕ್ಕು. ಟೆಕ್ಸಸ್‌ನ ಫೋರ್ಟ್ ವರ್ತ್‌ನಲ್ಲಿ ಮಾರ್ಟಿ ಲೆನರ್ಡ್ ಚಾಪೆಲ್ 1990ರಲ್ಲಿ, ಕ್ಯಾಲಿಫೋರ್ನಿಯಾದ ವಿಟಿಯರ್‌ನಲ್ಲಿ ಸ್ಕೈರೋಸ್ ಚಾಪೆಲ್ 1997ರಲ್ಲಿ. ಎಲ್ಲವೂ ನುರಿತ ಕೈಯ ಕೆಲಸ. ಆದರೆ ನನ್ನ ಅಭಿಪ್ರಾಯ ಕೇಳಿದರೆ ಥಾರ್ನ್‌ಕ್ರೌನ್‌ನ ಬಿಗಿ ಇವುಗಳಲ್ಲಿ ಇಲ್ಲ. ಕೂಪರ್ ಚಾಪೆಲ್ ಕಣ್ಣಿಗೆ ಹಿತ. ಅದರ ಉಕ್ಕಿನ ಕಮಾನು ಹೇಗೆ ಬೇಕಾದರೂ ಬಾಗಬಲ್ಲದು, ಹಾಗಾಗಿ ಅದು ಹೀಗೇ ಇರಬೇಕು ಎನ್ನುವ ಒತ್ತಾಯ ಎಲ್ಲಿಂದಲೂ ಬರುವುದಿಲ್ಲ. ಥಾರ್ನ್‌ಕ್ರೌನ್‌ನಲ್ಲಿ ಆ ಒತ್ತಾಯ ಕಾಡಿನಿಂದಲೇ ಬಂದಿತ್ತು.

ಇವುಗಳ ನಡುವೆ ಒಂದನ್ನು ಮಾತ್ರ ಥಾರ್ನ್‌ಕ್ರೌನ್ ಪಕ್ಕ ನಿಲ್ಲಿಸುತ್ತೇನೆ, ಪೈನ್‌ಕೋಟ್. ಮಿಸ್ಸಿಸ್ಸಿಪ್ಪಿ ರಾಜ್ಯದ ಪಿಕಯೂನ್‌ನಲ್ಲಿ, ಕ್ರಾಸ್ಬಿ ಆರ್ಬೋರೀಟಂ ಎಂಬ ಸಸ್ಯೋದ್ಯಾನದೊಳಗೆ, ಕೆರೆಯ ಅಂಚಿಗೆ ಇದೆ. 1980ರ ದಶಕದ ಮಧ್ಯದ್ದು. ಗೋಡೆ ಇಲ್ಲ, ಗಾಜಿಲ್ಲ, ಒಂದು ಮಾಡು ಮತ್ತು ಅದನ್ನು ಹೊತ್ತ ಪೈನ್ ಮರದ ಕಂಬಗಳು. ಮಾಡಿನ ಅಂಚಿಗೆ ಹೋದಂತೆ ಮುಚ್ಚಿಗೆ ಕಡಿಮೆಯಾಗುತ್ತ, ಕೊನೆಗೆ ಬರೀ ಪಟ್ಟಿಗಳ ತುದಿ ಆಕಾಶಕ್ಕೆ ಚಾಚಿ ನಿಲ್ಲುತ್ತದೆ. ಸುತ್ತಲಿನ ಪೈನ್ ಮರಗಳು ಎಲ್ಲಿ ಶುರುವಾಗುತ್ತವೆ, ಕಟ್ಟಡ ಎಲ್ಲಿ ಮುಗಿಯುತ್ತದೆ ಅಂತ ಗೆರೆ ಎಳೆಯುವುದು ಕಷ್ಟ. ಮಳೆ ತಡೆಯಬೇಕಾದ ಮಾಡನ್ನು ಅಂಚಿನಲ್ಲಿ ಬೇಕಂತಲೇ ಬಿಚ್ಚಿಬಿಡುವುದಕ್ಕೆ ಎದೆಗಾರಿಕೆ ಬೇಕು.

"ಪ್ರಾದೇಶಿಕ ಆರ್ಕಿಟೆಕ್ಟ್" ಅಂತ ನಿಮಗೆ ಹೇಳಿದವರು ಬಹುಶಃ "ಎರಡನೇ ಸಾಲಿನವರು" ಎಂಬ ಅರ್ಥದಲ್ಲೇ ಹೇಳಿರುತ್ತಾರೆ. ಅದು ನನಗೆ ನಿಜವಾಗಿಯೂ ಬೇಸರ ತರುವ ವಿಷಯ. ಇತಿಹಾಸದ ಪುಸ್ತಕಗಳು ಬರೆಯಲ್ಪಟ್ಟದ್ದು ನ್ಯೂಯಾರ್ಕ್, ಷಿಕಾಗೊ ಕಡೆಯಿಂದ ನೋಡಿ. ಅಲ್ಲಿಂದ ಅರ್ಕಾನ್ಸಾ ಕಾಣುವುದಿಲ್ಲ. ಹಳೆಯ ಶೈಲಿಗಳ ಅಲಂಕಾರವನ್ನು ಮತ್ತೆ ತಂದ ಪೋಸ್ಟ್ ಮಾಡರ್ನ್ ಪಂಥದ ಗಲಾಟೆ ಜೋರಾಗಿದ್ದ ಕಾಲದಲ್ಲಿ ಜೋನ್ಸ್ ಯಾವ ಗುಂಪಿಗೂ ಸೇರಲಿಲ್ಲ, ಘೋಷಣೆ ಬರೆಯಲಿಲ್ಲ. ಹಾಗಾಗಿ ಪಠ್ಯದಲ್ಲಿ ಅವರನ್ನು ಯಾವ ಅಧ್ಯಾಯಕ್ಕೆ ಹಾಕಬೇಕು ಅಂತ ಗೊತ್ತಾಗದೆ ಬಿಟ್ಟಿದ್ದಾರೆ. ಕೆಲಸವನ್ನು ಮಾತ್ರ ಯಾರೂ ಅಲ್ಲಗಳೆಯಲಿಲ್ಲ. ಥಾರ್ನ್‌ಕ್ರೌನ್‌ಗೆ 50 ವರ್ಷ ತುಂಬುವ ಮೊದಲೇ, 2000ದಲ್ಲೇ, ರಾಷ್ಟ್ರೀಯ ಐತಿಹಾಸಿಕ ಸ್ಥಳಗಳ ಪಟ್ಟಿಯಲ್ಲಿ ಜಾಗ ಕೊಟ್ಟರು. 2006ರಲ್ಲಿ 25 ವರ್ಷ ಕಾಲದ ಪರೀಕ್ಷೆಯಲ್ಲಿ ಗೆದ್ದ ಕಟ್ಟಡಕ್ಕೆ ಕೊಡುವ ಪ್ರಶಸ್ತಿ ಸಿಕ್ಕಿತು. 2013ರಲ್ಲಿ ಹತ್ತಿರದಲ್ಲೇ ಹೈಟೆನ್ಷನ್ ವಿದ್ಯುತ್ ಲೈನ್ ಎಳೆಯುವ ಯೋಜನೆ ಬಂದಾಗ ಊರಿನವರು, ಆರ್ಕಿಟೆಕ್ಟರು ಎಲ್ಲ ಎದ್ದು ನಿಂತರು. ಯೋಜನೆ ಕೈಬಿಟ್ಟರು. ಜೋನ್ಸ್ 2004ರಲ್ಲಿ ಫೆಯೆಟ್‌ವಿಲ್‌ನಲ್ಲೇ ತೀರಿಕೊಂಡಿದ್ದರು. ಐದು ಜನರ ಬ್ಯಾಚಿನಿಂದ ಶುರುವಾದ ಆ ಶಾಲೆಗೆ 2009ರಲ್ಲಿ ಅವರದ್ದೇ ಹೆಸರಿಟ್ಟರು.

ಸಣ್ಣ ಊರಲ್ಲಿ ಇದ್ದು ಇದೆಲ್ಲ ಹೇಗೆ ಸಾಧ್ಯವಾಯಿತು ಎಂಬ ನಿಮ್ಮ ಪ್ರಶ್ನೆಗೆ ಬರೀ ಹುರುಪಿನ ಮಾತು ಹೇಳಿ ಕಳಿಸಲು ನನಗೆ ಮನಸ್ಸಿಲ್ಲ. ಅವರಿಗೆ ಕೆಲವು ಅನುಕೂಲ ಇದ್ದವು. ಕಾಲೇಜಿನ ಸಂಬಳ ಇತ್ತು. ಕಾಯಲು ಸಿದ್ಧರಿದ್ದ, ಕೆಲವೊಮ್ಮೆ ಸಾಕಷ್ಟು ಶ್ರೀಮಂತರಾದ ಮನೆಮಾಲೀಕರು ಸಿಕ್ಕರು. ಒಳ್ಳೆಯ ಬಡಗಿಗಳು, ಕಲ್ಲುಕೆಲಸದವರು ಇದ್ದರು. ರೈಟ್ ಹೆಸರಿನ ಬೆಂಬಲವೂ ಸ್ವಲ್ಪ ನೆರವಾಗಿರಬೇಕು. ಇಷ್ಟಿದ್ದೂ ದೇಶದ ಕಣ್ಣು ಅವರ ಮೇಲೆ ಪೂರ್ತಿ ಬಿದ್ದದ್ದು ಅವರಿಗೆ 60 ಹತ್ತಿರವಾದಾಗ. ಅಲ್ಲಿಯವರೆಗಿನ 25 ವರ್ಷ ಅವರು ಅದೇ ಕಲ್ಲು, ಅದೇ ಮರ, ಅದೇ ಇಳಿಜಾರುಗಳ ಜೊತೆ ಕೆಲಸ ಮಾಡುತ್ತಲೇ ಇದ್ದರು. ಸ್ಟೋನ್‌ಫ್ಲವರ್ ನೋಡಿ ಅಂತ ಒತ್ತಿ ಹೇಳಿದ್ದು ಅದಕ್ಕೇ.

ಮುಂದೆ ಏನು ಮಾಡಬಹುದು ಅಂದರೆ, ಅವರ ಡ್ರಾಯಿಂಗುಗಳು, ಕಾಗದಪತ್ರಗಳು ಅರ್ಕಾನ್ಸಾ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿವೆ. ಆನ್‌ಲೈನ್‌ನಲ್ಲಿ ಸಿಗುವಷ್ಟನ್ನು ಮೊದಲು ಹುಡುಕಿ. ಫೋಟೋ ನೋಡಿ ಸುಮ್ಮನಾಗಬೇಡಿ, ಥಾರ್ನ್‌ಕ್ರೌನ್‌ನ ಅಡ್ಡ ಸೆಕ್ಷನ್ (ಕಟ್ಟಡವನ್ನು ಅಡ್ಡಕ್ಕೆ ಸೀಳಿದಂತೆ ತೋರಿಸುವ ಚಿತ್ರ) ಅನ್ನು 1:50ರಲ್ಲಿ ಕೈಯಲ್ಲೇ ಬರೆಯಿರಿ. ಪ್ರತಿ ಪಟ್ಟಿಯ ಅಗಲ ದಪ್ಪ ಗುರುತು ಹಾಕಿ. ಆಮೇಲೆ ಆ ವಜ್ರದ ಜೋಡಣೆಯನ್ನು 1:5ರಲ್ಲಿ ಬಿಡಿಸಿ. ಸಾಧ್ಯವಾದರೆ ಸ್ಟೋನ್‌ಫ್ಲವರ್ ಸೆಕ್ಷನ್ ಅನ್ನೂ ಅದೇ ಅಳತೆಯಲ್ಲಿ ಪಕ್ಕದಲ್ಲಿ ಬರೆದು ಎರಡನ್ನೂ ಗೋಡೆಗೆ ಅಂಟಿಸಿ. ಬರೆಯುವಾಗ ಎಲ್ಲಿ ಸಿಕ್ಕಿಹಾಕಿಕೊಂಡಿರಿ ಅಂತ ಕೇಳಿ ಇನ್ನೊಂದು ಪ್ರಶ್ನೆ ಕಳಿಸಿದರೆ, ಖಂಡಿತ ಉತ್ತರ ಬರೆಯುತ್ತೇನೆ.